ಮೊದಲು ಕೂರಬೇಕು, ಕ್ಯಾಮೆರಾ ಆಮೇಲೆ

ಕೇಳುಗರಿಗೆ ನಮಸ್ಕಾರ. ಸಾಕ್ಷ್ಯಚಿತ್ರ ಮಾಡಬೇಕೆಂದು ಹೊರಟ ಹುಡುಗ ಹುಡುಗಿಯರು ನನ್ನನ್ನು ಮೊದಲು ಕೇಳುವುದು, ಯಾವ ಕ್ಯಾಮೆರಾ ಕೊಳ್ಳಬೇಕು ಎಂದು. ಆ ಪ್ರಶ್ನೆಯನ್ನು ದಯವಿಟ್ಟು ಬದಿಗಿಡಿ. ಯಾರ ಮನೆಯ ಜಗುಲಿಯಲ್ಲಿ ಎಷ್ಟು ದಿನ ಕೂರುತ್ತೀರಿ, ಅದನ್ನು ಹೇಳಿ.

ನಮ್ಮ ಬೆಂಗಳೂರಿನ ಸಾಕ್ಷ್ಯಚಿತ್ರ ನಿರ್ದೇಶಕಿ ದೀಪಾ ಧನರಾಜ್ ಅವರನ್ನು ನೋಡಿ. 1980ರಲ್ಲಿ ಅವರು ಅಭಾ ಭಯ್ಯಾ, ಮೀರಾ ರಾವ್, ಛಾಯಾಗ್ರಾಹಕ ನವ್ರೋಜ್ ಕಾಂಟ್ರಾಕ್ಟರ್ ಅವರೊಂದಿಗೆ 'ಯುಗಾಂತರ' ಎಂಬ ಚಿತ್ರತಂಡ ಕಟ್ಟಿದರು. ಪುಣೆಯ ಮನೆಗೆಲಸದ ಹೆಂಗಸರ ಮೇಲೊಂದು ಚಿತ್ರ ಮಾಡಿ, ಬಳಿಕ ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಗೆ ಬಂದರು.

ನಿಪ್ಪಾಣಿ ಎಂದರೆ ತಂಬಾಕು. ವಖಾರಿಗಳಲ್ಲಿ, ಅಂದರೆ ತಂಬಾಕಿನ ಗೋದಾಮುಗಳಲ್ಲಿ, ಸಾವಿರಾರು ಹೆಂಗಸರು ಕೆಲಸಕ್ಕಿದ್ದರು. ಒಣಗಿದ ತಂಬಾಕನ್ನು ಕುಟ್ಟಿ, ಜರಡಿ ಹಿಡಿಯುವಾಗ ಏಳುವ ಧೂಳು ಗಂಟಲಿಗೆ ಇಳಿಯುತ್ತದೆ, ಕಣ್ಣು ಉರಿಯುತ್ತದೆ. ಆ ಹೆಂಗಸರು ಸಂಘ ಕಟ್ಟಿ ಮಾಲೀಕರಿಗೆ ಎದುರು ನಿಂತಿದ್ದರು. ಬೇರೆಯವರಾಗಿದ್ದರೆ ಒಂದು ಮೆರವಣಿಗೆ, ಎರಡು ಭಾಷಣ ಚಿತ್ರಿಸಿಕೊಂಡು ಸಂಜೆಯ ಬಸ್ಸು ಹಿಡಿಯುತ್ತಿದ್ದರು. ಈ ತಂಡ ಕಾರ್ಮಿಕರೊಂದಿಗೆ ಕಳೆದದ್ದು ನಾಲ್ಕು ತಿಂಗಳು! ದಿನಗಳಲ್ಲ, ತಿಂಗಳು. ಕೂಲಿಯ ಲೆಕ್ಕ, ಮೇಲ್ವಿಚಾರಕರ ಕಾಟ, ಮುಷ್ಕರದ ಯೋಚನೆ, ಎಲ್ಲವನ್ನೂ ಕೂತು ಕೇಳಿದರು. ಏನನ್ನು ಹೇಳಬೇಕು, ಹೇಗೆ ಹೇಳಬೇಕು ಎಂಬುದನ್ನು ಆ ಹೆಂಗಸರೊಂದಿಗೇ ಚರ್ಚಿಸಿದರು. ಹೊರಗಿನವರ ಕಣ್ಣಿಗೆ ಬೀಳದ ವಖಾರಿಯ ಒಳಗನ್ನು ಕ್ಯಾಮೆರಾ ಕಂಡದ್ದು ಹಾಗೆ. 'ತಂಬಾಕು ಚಾಕಿಲಾ ಊಬ್ ಆಲಿ' 1982ರಲ್ಲಿ ಸಿದ್ಧವಾಯಿತು. ಅರ್ಧ ಗಂಟೆಯೂ ಇಲ್ಲದ ಕಪ್ಪುಬಿಳುಪು ಚಿತ್ರ, ಮರಾಠಿ ಮಾತು. ಅದನ್ನು ನೋಡಿದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ.

ನಿಪ್ಪಾಣಿಯಲ್ಲೇ ಸಮಯ ಕಳೆದುಹೋಯಿತು. ಉಳಿದದ್ದನ್ನು ಬೇಗ ಹೇಳುತ್ತೇನೆ. 1984ರ ಹೈದರಾಬಾದಿನ ಕೋಮುಗಲಭೆಯ ಚಿತ್ರ 1986ರಲ್ಲಿ ಬಂತು. 1991ರಲ್ಲಿ 'ಸಮ್‌ಥಿಂಗ್ ಲೈಕ್ ಎ ವಾರ್': ಸರ್ಕಾರದ ಕುಟುಂಬ ಯೋಜನೆಯನ್ನೇ ಪ್ರಶ್ನಿಸಿದ ಚಿತ್ರ. ಅದರಲ್ಲಿ ಒಬ್ಬ ವೈದ್ಯ, ತಾನು ಎಷ್ಟು ಬೇಗ ಸಂತಾನಹರಣ ಶಸ್ತ್ರಚಿಕಿತ್ಸೆ ಮುಗಿಸುತ್ತೇನೆಂದು ಜಂಬದಿಂದ ಹೇಳಿಕೊಳ್ಳುತ್ತಾನೆ. ಇನ್ನೊಂದೆಡೆ ಹೆಂಗಸರು ಹೆಣ್ಣಿನ ದೇಹದ ಚಿತ್ರ ಬರೆದು, ಸುತ್ತ ಕುಳಿತು, ಮುಟ್ಟು, ಬಸಿರು, ಆಸೆಗಳ ಬಗ್ಗೆ ಮಾತನಾಡುತ್ತಾರೆ. ಅಪರಿಚಿತರು ಬಂದು ಮೈಕು ಹಿಡಿದರೆ ಯಾವ ಹೆಂಗಸು ಹಾಗೆ ಬಾಯಿ ಬಿಡುತ್ತಾಳೆ? ಕೂರಬೇಕು, ಅದಕ್ಕೇ ಹೇಳುತ್ತಿದ್ದೇನೆ. 2018ರಲ್ಲಿ ಬಂದ ಚಿತ್ರದಲ್ಲಿ ದೀಪಾ ಮತ್ತೆ ಹೈದರಾಬಾದಿನ ಕಡೆ ತಿರುಗಿದರು, ಅಲ್ಲಿನ ವಿಶ್ವವಿದ್ಯಾಲಯದ ಸಂಶೋಧನಾ ವಿದ್ಯಾರ್ಥಿ ರೋಹಿತ್ ವೇಮುಲ ಸಾವಿನ ನಂತರದ ವಿದ್ಯಾರ್ಥಿ ಚಳವಳಿಗಾಗಿ.

ಯುಗಾಂತರದ ಹಳೆಯ ಚಿತ್ರಗಳು ಪುನಶ್ಚೇತನಗೊಂಡಿವೆ. ನಿಪ್ಪಾಣಿಯ ಕಡೆಯಿಂದ ಯಾರಾದರೂ ಕೇಳುತ್ತಿದ್ದರೆ, ನಿಮ್ಮ ಅಜ್ಜಿ ವಖಾರಿಗೆ ಹೋಗುತ್ತಿದ್ದವರಾದರೆ, ಆ ಚಿತ್ರವನ್ನು ಹುಡುಕಿ, ಅವರನ್ನು ಪಕ್ಕದಲ್ಲಿ ಕೂರಿಸಿಕೊಂಡು ನೋಡಿ. ಗುಂಪಿನಲ್ಲಿರುವ ಒಂದೊಂದು ಮುಖವೂ ಯಾರದೆಂದು ಅವರೇ ಹೇಳಿಯಾರು.