ಎರಡು ಡಾಲರಿನ ನಾಯಿ

ನಮಸ್ಕಾರ ಕೇಳುಗರೇ.

ಈಗಿನ ಮಕ್ಕಳ ಸ್ಕೂಲ್ ಬ್ಯಾಗುಗಳನ್ನು ಗಮನಿಸಿದ್ದೀರಾ? ಯಾವುದಾದರೂ ಒಂದಕ್ಕೆ ನೀಲಿ ಗೊಂಬೆಯೊಂದು ನೇತಾಡುತ್ತಿರುತ್ತದೆ. ಬಾವುಟದ ಹಾಗೆ ದೊಡ್ಡ ಕಿವಿ, ಕಿವಿಯಿಂದ ಕಿವಿಗೆ ಬಾಯಿ, ಕಪ್ಪು ಗೋಲಿಯಂಥ ಕಣ್ಣು. ನಾಯಿ ಅಂದರೆ ನಾಯಿಯಲ್ಲ, ಮೊಲ ಅಂದರೆ ಮೊಲವೂ ಅಲ್ಲ. ನನ್ನ ಅಕ್ಕನ ಮಗಳ ಬ್ಯಾಗಿಗೂ ಒಂದಿದೆ. ಇದ್ಯಾವ ಪ್ರಾಣಿನೇ ಅಂತ ಕೇಳಿದೆ. "ಪ್ರಾಣಿ ಅಲ್ಲ ಚಿಕ್ಕಮ್ಮ, ಅದು ಸ್ಟಿಚ್" ಅಂದಳು. ಅಷ್ಟೂ ಗೊತ್ತಿಲ್ವಾ ಅನ್ನುವ ಮುಖ ಬೇರೆ.

ಆಮೇಲೆ ಒಂದು ಭಾನುವಾರ ಅವಳೇ ಕೂರಿಸಿಕೊಂಡು ಸಿನಿಮಾ ತೋರಿಸಿದಳು. 'ಲಿಲೋ ಆಂಡ್ ಸ್ಟಿಚ್', 2002ರದ್ದು. ಡಿಸ್ನಿಯವರ ಕಾರ್ಟೂನ್ ಚಿತ್ರ. ನಮ್ಮ ಪಕ್ಕದಲ್ಲಿ ಅಕ್ಕ ಅವರೆಕಾಯಿ ಬಿಡಿಸುತ್ತಾ, ಅರ್ಧ ಕಣ್ಣು ಮೊರದ ಮೇಲೆ, ಅರ್ಧ ಕಣ್ಣು ಟಿವಿ ಮೇಲೆ ಇಟ್ಟುಕೊಂಡು ಕೂತಿದ್ದಳು. ನಾನೂ ಅಕ್ಕನ ಮಗಳೂ ಆ ನೀಲಿ ಪುಂಡನ ಚೇಷ್ಟೆ ನೋಡಿ ನಗುತ್ತಿದ್ದರೆ ಅಕ್ಕ ಇದ್ದಕ್ಕಿದ್ದ ಹಾಗೆ, "ಅಲ್ಲಾ, ಆ ದೊಡ್ಡ ಹುಡುಗಿಗೆ ಒಂದು ಗಳಿಗೆ ಕೂರೋಕೂ ಬಿಡಲ್ವಲ್ಲ ಇವರೆಲ್ಲ ಸೇರಿ" ಅಂದಳು.

ಅಲ್ಲಿಂದ ಮುಂದೆ ನಾನು ನೋಡಿದ ಸಿನಿಮಾನೇ ಬೇರೆ ಆಯಿತು. ಇವತ್ತು ನಿಮಗೆ ಹೇಳಬೇಕು ಅಂತಿರುವುದೂ ಆ ದೊಡ್ಡ ಹುಡುಗಿಯ ವಿಷಯವನ್ನೇ. ನೀಲಿ ಗೊಂಬೆಯ ವಿಷಯ ಹೇಗೂ ಮಕ್ಕಳಿಗೆಲ್ಲ ಗೊತ್ತು.

ಕಥೆ ನಡೆಯುವುದು ಹವಾಯಿಯಲ್ಲಿ, ಪೆಸಿಫಿಕ್ ಸಮುದ್ರದ ನಡುವೆ ಇರುವ ಕೌವಾಯಿ ಅನ್ನುವ ದ್ವೀಪದಲ್ಲಿ. ಲಿಲೋ ಅಂತ ಒಂದು ಪುಟ್ಟ ಹುಡುಗಿ. ಅವಳ ಅಕ್ಕ ನಾನಿ, 19 ವರ್ಷ. ಹವಾಯಿ ಭಾಷೆಯಲ್ಲಿ ನಾನಿ ಅಂದರೆ ಚೆಂದ, ಲಿಲೋ ಅಂದರೆ ಕಳೆದುಹೋದದ್ದು. ಅಪ್ಪ ಅಮ್ಮ ಒಂದು ಮಳೆಯ ರಾತ್ರಿ ಕಾರಿನಲ್ಲಿ ಹೋದವರು ವಾಪಸು ಬರಲಿಲ್ಲ. ಹಾಗಾಗಿ ಅಕ್ಕನೇ ಅಮ್ಮ. ಹೋಟೆಲಿನಲ್ಲಿ ಪ್ರವಾಸಿಗರಿಗೆ ಊಟ ಬಡಿಸುವುದು, ಮನೆಗೆ ಬಂದು ತಂಗಿಯನ್ನು ಸಂಭಾಳಿಸುವುದು, ಇದರ ಮಧ್ಯೆ ಮಕ್ಕಳ ಕಲ್ಯಾಣ ಇಲಾಖೆಯ ಅಧಿಕಾರಿಯೊಬ್ಬ ಕರಿ ಕನ್ನಡಕ ಹಾಕಿಕೊಂಡು ಬಂದು, ಈ ಮಗುವನ್ನು ನೀನು ಸರಿಯಾಗಿ ನೋಡಿಕೊಳ್ಳುತ್ತಿದ್ದೀಯಾ ಅಂತ ಪರೀಕ್ಷೆ ಮಾಡುವುದು.

ಲಿಲೋ ಏನು ಸುಲಭದ ಮಗು ಅಂದುಕೊಂಡಿರಾ? ಹುಲಾ ಕುಣಿತದ ಕ್ಲಾಸಿಗೆ ತಡವಾಗಿ, ಒದ್ದೆ ಮೈಯಲ್ಲಿ ಬರುತ್ತಾಳೆ. ಯಾಕೆ ತಡ ಅಂದರೆ, ಒಂದು ಮೀನಿಗೆ ಸ್ಯಾಂಡ್‌ವಿಚ್ ತಿನ್ನಿಸಲು ಹೋಗಿದ್ದಳಂತೆ. ಮನೆಯಲ್ಲಿ ಕಡಲೆಕಾಯಿ ಬೆಣ್ಣೆ ಮುಗಿದಿತ್ತು, ಇದ್ದದ್ದು ಟ್ಯೂನಾ ಮೀನು ಮಾತ್ರ, ಮೀನಿಗೆ ಮೀನನ್ನೇ ತಿನ್ನಿಸುವುದು ಹೇಗೆ ಅಂತ ಅಂಗಡಿಗೆ ಓಡಿದ್ದಳಂತೆ. ಗುರುಗಳು ಇದೆಲ್ಲ ಇಷ್ಟು ಮುಖ್ಯ ಯಾಕಮ್ಮ ಅಂತ ಕೇಳುತ್ತಾರೆ. ಮಳೆ ಗಾಳಿ ಎಲ್ಲ ಆ ಮೀನಿನ ಕೈಯಲ್ಲೇ ಇದೆ ಅನ್ನುತ್ತಾಳೆ. ಜೊತೆಯ ಹುಡುಗಿ ನಿನಗೆ ಹುಚ್ಚು ಅಂದಿದ್ದೇ ತಡ, ಮೇಲೆ ಬಿದ್ದು ಹೊಡೆದು ಕಚ್ಚಿಯೂ ಬಿಡುತ್ತಾಳೆ. ಮೊದಲ ಸಲ ನೋಡಿದಾಗ ನಾನು ಇದಕ್ಕೆ ನಕ್ಕಿದ್ದೆ. ಆಮೇಲೆ ಮಳೆ ರಾತ್ರಿಯ ವಿಷಯ ಗೊತ್ತಾದ ಮೇಲೆ ಆ ಮೀನು ನೆನಪಾಯಿತು ನೋಡಿ, ಗಂಟಲು ಕಟ್ಟಿತು. ಮಳೆ ತರುವವನಿಗೆ ಆ ಕೂಸು ತಪ್ಪದೆ ಊಟ ಕೊಡುತ್ತಿದೆ. ಸಿನಿಮಾದವರು ಇದನ್ನು ಎಲ್ಲೂ ಬಿಡಿಸಿ ಹೇಳುವುದಿಲ್ಲ. ನಾವೇ ಜೋಡಿಸಿಕೊಳ್ಳಬೇಕು.

ಅಕ್ಕ ತಂಗಿ ಜಗಳ ಒಂದಿದೆ. ಲಿಲೋ ಒಳಗಿನಿಂದ ಬಾಗಿಲಿಗೆ ಮೊಳೆ ಹೊಡೆದುಕೊಂಡು ಕೂತಿರುತ್ತಾಳೆ. ಹೊರಗೆ ನಾನಿ ಬಾಗಿಲು ಬಡಿದು ಬಡಿದು ಕಿರುಚುತ್ತಿರುವಾಗಲೇ ಆ ಅಧಿಕಾರಿ ಬಂದು ನಿಲ್ಲಬೇಕೇ! ಅವನು ಹೋದ ಮೇಲೆ ಇಬ್ಬರೂ ಕೂಗಾಡಿಕೊಂಡು, ಒಬ್ಬಳು ಮೇಲೆ ಒಬ್ಬಳು ಕೆಳಗೆ, ದಿಂಬಿಗೆ ಮುಖ ಒತ್ತಿ ಅರಚುತ್ತಾರೆ. ಸ್ವಲ್ಪ ಹೊತ್ತಿಗೆ ನಾನಿ ಉಳಿದ ಪಿಜ್ಜಾ ತೆಗೆದುಕೊಂಡು ತಂಗಿಯ ಕೋಣೆಗೆ ಹೋಗುತ್ತಾಳೆ. ನೀನು ಅಮ್ಮನಾಗಿರುವುದಕ್ಕಿಂತ ಅಕ್ಕನಾಗಿದ್ದರೇ ನನಗೆ ಇಷ್ಟ ಅನ್ನುವ ಅರ್ಥದ ಮಾತೊಂದನ್ನು ತಂಗಿ ಅಲ್ಲಿ ಹೇಳುತ್ತಾಳೆ. ನಮ್ಮ ಅಕ್ಕನ ಕೈ ಅವರೆಕಾಯಿ ಮೇಲೆ ನಿಂತೇಬಿಟ್ಟಿತು. ನಾನು ಆ ಕಡೆ ನೋಡಲಿಲ್ಲ. ಅಮ್ಮ ಆಸ್ಪತ್ರೆಯಲ್ಲಿದ್ದ ವರ್ಷ ನನಗೆ ಜಡೆ ಹಾಕಿ, ಡಬ್ಬಿ ಕಟ್ಟಿ ಸ್ಕೂಲಿಗೆ ಕಳಿಸಿದವಳು ಅವಳೇ. ಜಡೆ ಎಳೆದು ಹಾಕುತ್ತೀಯಾ ಅಂತ ನಾನು ಅವಳ ಕೈ ಕಚ್ಚಿದ್ದೂ ಇದೆ.

ಸರಿ, ಸ್ಟಿಚ್ ಎಲ್ಲಿಂದ ಬಂತು? ಎಲ್ಲೋ ದೂರದ ಗ್ರಹದಲ್ಲಿ ಜಂಬಾ ಅನ್ನುವ ನಾಲ್ಕು ಕಣ್ಣಿನ ವಿಜ್ಞಾನಿ ಕಾನೂನು ಮುರಿದು ತಯಾರಿಸಿದ ಜೀವಿ ಅದು. ಪ್ರಯೋಗದ ಸಂಖ್ಯೆ 626. ಗುಂಡಿಗೆ ಜಗ್ಗುವುದಿಲ್ಲ, ಬೆಂಕಿಗೆ ಸುಡುವುದಿಲ್ಲ, ತನಗಿಂತ ಸಾವಿರಾರು ಪಟ್ಟು ಭಾರ ಎತ್ತುತ್ತದೆ. ನೀರಿಗೆ ಬಿದ್ದರೆ ಮಾತ್ರ ಕಲ್ಲಿನ ಹಾಗೆ ಮುಳುಗುತ್ತದೆ. ಕಂಡದ್ದನ್ನೆಲ್ಲ ಹಾಳು ಮಾಡುವುದೇ ಕೆಲಸ. ಆಮೇಲೆ ಅಲ್ಲಿಂದ ತಪ್ಪಿಸಿಕೊಂಡು ಒಂದು ದ್ವೀಪಕ್ಕೆ ಬಂದು ಬಿದ್ದರೆ, ಸುತ್ತ ನೀರು, ಹಾಳು ಮಾಡಲು ದೊಡ್ಡ ಊರೂ ಇಲ್ಲ. ಪಾಪ ಅನಿಸುತ್ತದೆ, ಅಲ್ವಾ?

ಇನ್ನೊಂದು ತಮಾಷೆ. ಭೂಮಿಯನ್ನೇ ನಾಶ ಮಾಡಿ ಇದನ್ನು ಹಿಡಿಯೋಣ ಅಂತ ಅನ್ಯಗ್ರಹದವರು ಮೊದಲು ಯೋಚಿಸುತ್ತಾರೆ. ಆದರೆ ಭೂಮಿ ಸಂರಕ್ಷಿತ ಪ್ರದೇಶ. ಯಾರಿಗೆ ಅಂತೀರಿ? ಸೊಳ್ಳೆಗಳಿಗೆ! ಸೊಳ್ಳೆ ಅಳಿವಿನಂಚಿನಲ್ಲಿರುವ ಜೀವಿ ಅಂತ ಅವರ ಲೆಕ್ಕ. ಪ್ಲೀಕ್ಲಿ ಅನ್ನುವ ಒಂದೇ ಕಣ್ಣಿನ, ಮೂರು ಕಾಲಿನ ಭೂಮಿ ತಜ್ಞ ಸೊಳ್ಳೆ ಕಚ್ಚಿಸಿಕೊಂಡು ಮೊದಲು ಖುಷಿಪಟ್ಟು ಆಮೇಲೆ ಓಡುವುದನ್ನು ನೋಡಬೇಕು. ಮಳೆಗಾಲದಲ್ಲಿ ನಮ್ಮ ಕಡೆಗೆ ಬಂದಿದ್ದರೆ ಅವನ ಸಂರಕ್ಷಣೆ ಅಲ್ಲಿಗೇ ಮುಗಿಯುತ್ತಿತ್ತು.

ಇನ್ನು ಆ ಎರಡು ಡಾಲರಿನ ವಿಷಯಕ್ಕೆ ಬರುತ್ತೇನೆ. ಲಿಲೋ ರಾತ್ರಿ ಬೀಳುವ ನಕ್ಷತ್ರ ನೋಡಿ ನನಗೊಬ್ಬ ಗೆಳೆಯನನ್ನು ಕಳಿಸು ಅಂತ ಬೇಡಿಕೊಳ್ಳುತ್ತಾಳೆ. ಅದು ನಕ್ಷತ್ರವಲ್ಲ, ಸ್ಟಿಚ್ ಕೂತಿದ್ದ ಆಕಾಶದ ಹಡಗು. ಬಾಗಿಲ ಹಿಂದೆ ನಿಂತಿದ್ದ ನಾನಿಗೆ ಆ ಬೇಡಿಕೆ ಕೇಳಿಸುತ್ತದೆ. ಮರುದಿನ ತಂಗಿಯನ್ನು ಬೀದಿನಾಯಿಗಳನ್ನು ಇಟ್ಟುಕೊಳ್ಳುವ ಜಾಗಕ್ಕೆ ಕರೆದುಕೊಂಡು ಹೋಗುತ್ತಾಳೆ. ಇರುವ ನಾಯಿಗಳಲ್ಲೆಲ್ಲ ಕೆಟ್ಟದ್ದನ್ನು, ಅಂದರೆ ನಾಯಿಯ ವೇಷದ ಸ್ಟಿಚ್‌ನನ್ನು ಲಿಲೋ ಆರಿಸುತ್ತಾಳೆ. ನಾನೇ ಕೊಳ್ಳಬೇಕು ಅಂತ ಹಟ ಹಿಡಿದು, ಅಕ್ಕನ ಹತ್ತಿರವೇ ಎರಡು ಡಾಲರ್ ಸಾಲ ಕೇಳಿ ಕೊಡುತ್ತಾಳೆ. ಒಂದು ಚೀಟಿ ಸಿಗುತ್ತದೆ. ಕೊನೆಯಲ್ಲಿ ಗ್ಯಾಲಕ್ಸಿಯ ಅಧ್ಯಕ್ಷೆಯೇ ಬಂದು ಸ್ಟಿಚ್‌ನನ್ನು ಕರೆದೊಯ್ಯಲು ನಿಂತಾಗ ಲಿಲೋ ಆ ಚೀಟಿ ಮುಂದೆ ಹಿಡಿಯುತ್ತಾಳೆ. ದುಡ್ಡು ಕೊಟ್ಟು ತಂದದ್ದು, ನೀವು ಕರೆದುಕೊಂಡು ಹೋದರೆ ಕಳ್ಳತನ ಆಗುತ್ತದೆ ಅಂತ. ಇಡೀ ಬ್ರಹ್ಮಾಂಡದ ಕಾನೂನು ಆ ಚೀಟಿಯ ಮುಂದೆ ತಲೆಬಾಗುತ್ತದೆ. ಎಲ್ಲರೂ ಲಿಲೋಳನ್ನು ಜಾಣೆ ಅಂತಾರೆ. ಆದರೆ ಆ ದುಡ್ಡು ಯಾರದ್ದು? ಸ್ಟಿಚ್‌ನ ದೆಸೆಯಿಂದ ಕೆಲಸವನ್ನೂ ಕಳೆದುಕೊಂಡು, ಕಾಫಿ ಅಂಗಡಿ, ಹೋಟೆಲು, ಸಮುದ್ರದ ದಡ ಅಂತ ಬಾಗಿಲು ಬಾಗಿಲು ಅಲೆದ ಅಕ್ಕನದ್ದು.

ಸಿನಿಮಾದಲ್ಲಿ 'ಓಹಾನ' ಅನ್ನುವ ಮಾತು ಬರುತ್ತದೆ. ಹವಾಯಿಯಲ್ಲಿ ಅದಕ್ಕೆ ಕುಟುಂಬ ಅಂತ ಅರ್ಥ. ಯಾರನ್ನೂ ಬಿಟ್ಟು ಹೋಗಬಾರದು, ಯಾರನ್ನೂ ಮರೆಯಬಾರದು ಅಂತ ಲಿಲೋ ಅಪ್ಪನಿಂದ ಕಲಿತ ಮಾತು. ಟೀ ಶರ್ಟಿನ ಮೇಲೆಲ್ಲ ಅದನ್ನೇ ಅಚ್ಚು ಹಾಕಿ ಮಾರುತ್ತಾರೆ. ಆದರೆ ಆ ಮಾತಿನ ಬೇರು ಎಲ್ಲಿದೆ ಗೊತ್ತಾ? ಕೆಸುವಿನಲ್ಲಿ! ನಮ್ಮ ಮಲೆನಾಡು, ಕರಾವಳಿಯವರು ಎಲೆಯಿಂದ ಪತ್ರೊಡೆ ಮಾಡುತ್ತಾರಲ್ಲ, ಅದೇ ಕೆಸು. ಹವಾಯಿಯವರು ಅದರ ಗೆಡ್ಡೆ ಬೇಯಿಸಿ, ಜಜ್ಜಿ, ನೀರು ಹಾಕಿ ನಾದಿ 'ಪೋಯಿ' ಅಂತ ತಿನ್ನುತ್ತಾರೆ. ಕೌವಾಯಿ ದ್ವೀಪದ ಹನಲೇ ಕಣಿವೆಯಲ್ಲಿ ಗದ್ದೆಯ ಹಾಗೆ ನೀರು ನಿಲ್ಲಿಸಿ ಬೆಳೆಯುತ್ತಾರೆ. ತಾಯಿ ಗೆಡ್ಡೆಯ ಪಕ್ಕದಲ್ಲಿ ಹುಟ್ಟುವ ಮರಿಗೆ ಅವರು 'ಓಹಾ' ಅನ್ನುತ್ತಾರೆ. ಓಹಾದಿಂದ ಓಹಾನ. ಕೆಸು ಬೆಳೆದವರಿಗೆ ಇದನ್ನು ವಿವರಿಸಬೇಕಾಗಿಲ್ಲ, ಒಂದು ಗೆಡ್ಡೆ ನೆಟ್ಟರೆ ಸುತ್ತ ಎಷ್ಟು ಮರಿ ಏಳುತ್ತವೆ ಅಂತ ಗೊತ್ತು.

ಅಲ್ಲಿ ಒಂದು ಹಳೆಯ ಕಥೆಯೂ ಇದೆ. ಆಕಾಶದೇವರು ವಾಕೇಯಾನಿಗೆ ಹುಟ್ಟಿದ ಮೊದಲ ಮಗು ಉಸಿರಿಲ್ಲದೆ ಹುಟ್ಟಿತು. ಅದನ್ನು ಮಣ್ಣು ಮಾಡಿದ ಜಾಗದಲ್ಲಿ ಕೆಸುವಿನ ಗಿಡ ಹುಟ್ಟಿತು. ಎರಡನೆಯ ಮಗು ಮನುಷ್ಯ, ಹೆಸರು ಹಾಲೋವ. ಅಂದರೆ ಕೆಸು ಮನುಷ್ಯನಿಗೆ ಒಡಹುಟ್ಟಿದ ಅಣ್ಣ. ಅಣ್ಣ ತಮ್ಮನಿಗೆ ಅನ್ನ ಕೊಡಬೇಕು, ತಮ್ಮ ಅಣ್ಣನನ್ನು ನೋಡಿಕೊಳ್ಳಬೇಕು. ಇದನ್ನು ಓದಿದ ದಿನ ನನಗೆ ನಾನಿ ಇನ್ನೂ ದೊಡ್ಡದಾಗಿ ಕಂಡಳು. ಆ ನಾಡಿನಲ್ಲಿ ಮೊದಲು ಹುಟ್ಟಿದವರು ಊಟವಾಗಿಬಿಡುತ್ತಾರೆ ನೋಡಿ.

ತಂಗಿಯನ್ನು ನಾಳೆ ಕರೆದುಕೊಂಡು ಹೋಗುತ್ತಾರೆ ಅನ್ನುವ ರಾತ್ರಿ ನಾನಿ ತೂಗುಮಂಚದಲ್ಲಿ ಅವಳನ್ನು ಕೂರಿಸಿಕೊಂಡು ಒಂದು ಹಾಡು ಹಾಡುತ್ತಾಳೆ. 'ಅಲೋಹಾ ಓಯೇ'. ಬೀಳ್ಕೊಡುವ ಹಾಡು. ಅದನ್ನು ಬರೆದವಳು ಲಿಲಿಯುಓಕಲಾನಿ, ಹವಾಯಿಯ ಕೊನೆಯ ರಾಣಿ. 1893ರಲ್ಲಿ ಅವಳನ್ನು ಸಿಂಹಾಸನದಿಂದ ಇಳಿಸಿದರು, 1895ರಲ್ಲಿ ಅವಳದ್ದೇ ಅರಮನೆಯ ಕೋಣೆಯಲ್ಲಿ ಕೂಡಿಹಾಕಿದರು, 1898ರಲ್ಲಿ ಅಮೆರಿಕ ಆ ದ್ವೀಪಗಳನ್ನೇ ಸೇರಿಸಿಕೊಂಡಿತು. ಹಾಗಾಗಿ ಹವಾಯಿಯವರಿಗೆ ಆ ಹಾಡು ಬರೀ ಲಾಲಿ ಅಲ್ಲ. ನಾನಿಗೆ ದನಿ ಕೊಟ್ಟ ಟಿಯಾ ಕರೇರೆ ಹವಾಯಿಯಲ್ಲೇ ಹುಟ್ಟಿದವರು. ಆ ದೃಶ್ಯದಲ್ಲಿ ಅದು ಗೊತ್ತಾಗುತ್ತದೆ ಅಂತ ನನ್ನ ಅನಿಸಿಕೆ.

ಇದನ್ನು ಮಾಡಿದವರು ಕ್ರಿಸ್ ಸ್ಯಾಂಡರ್ಸ್ ಮತ್ತು ಡೀನ್ ಡಿಬ್ಲಾಯ್ಸ್. ಸ್ಯಾಂಡರ್ಸ್ 1985ರಲ್ಲೇ ಒಂದು ಮಕ್ಕಳ ಪುಸ್ತಕಕ್ಕೆ ಅಂತ ಸ್ಟಿಚ್ ಚಿತ್ರ ಬರೆದಿಟ್ಟಿದ್ದರು, ಪುಸ್ತಕ ಆಗಲಿಲ್ಲ. ಸಿನಿಮಾ ಅಂತ ಆದಾಗ ಮೊದಲು ಅಮೆರಿಕದ ಕಾನ್ಸಸ್ ಕಡೆಯ ಹಳ್ಳಿಯಲ್ಲಿ ಕಥೆ ನಡೆಸುವ ಯೋಚನೆ ಇತ್ತು, ಆಮೇಲೆ ಹವಾಯಿಗೆ ಬಂತು. ಸ್ಟಿಚ್‌ನ ದನಿಯೂ ಸ್ಯಾಂಡರ್ಸ್ ಅವರದ್ದೇ. ಹಿನ್ನೆಲೆಗೆಲ್ಲ ಜಲವರ್ಣ ಬಳಸಿದ್ದಾರೆ, ಅದಕ್ಕೇ ಆ ಸಮುದ್ರ, ಆ ಮನೆ ಎಲ್ಲ ಸ್ವಲ್ಪ ಒದ್ದೆಯಾಗಿಯೇ ಕಾಣುತ್ತವೆ. ಮೂಲ ಕಥೆಯಲ್ಲಿ ಕೊನೆಗೆ ಸ್ಟಿಚ್ ಒಂದು ಪ್ರಯಾಣಿಕರ ವಿಮಾನ ಕದ್ದು ಹೊನೊಲುಲುವಿನ ಕಟ್ಟಡಗಳ ಮಧ್ಯೆ ಹಾರಿಸುವುದಿತ್ತು. 2001ರ ಸೆಪ್ಟೆಂಬರ್ 11ರ ದಾಳಿ ಆದ ಮೇಲೆ ಅದನ್ನು ತೆಗೆದು, ವಿಮಾನದ ಬದಲು ಜಂಬಾನ ಹಡಗು, ಕಟ್ಟಡಗಳ ಬದಲು ಬೆಟ್ಟಗಳನ್ನು ಹಾಕಿದರು.

ಆಮೇಲೆ ಕಥೆ ಬೆಳೆದದ್ದು ಕೆಸುವಿನ ಹಾಗೆಯೇ. ಟಿವಿಯಲ್ಲಿ ಧಾರಾವಾಹಿ ಬಂತು. 626 ಅಂದಮೇಲೆ ಅದಕ್ಕಿಂತ ಮುಂಚಿನ 625 ಪ್ರಯೋಗಗಳೂ ಇರಬೇಕಲ್ಲ! ಪುಟ್ಟ ಗುಂಡುಗಳಾಗಿ ಒಣಗಿಸಿಟ್ಟಿದ್ದಾರೆ, ನೀರು ತಾಗಿದರೆ ಜೀವ ಬರುತ್ತದೆ. ಲಿಲೋ ಅವರನ್ನೆಲ್ಲ ಸ್ಟಿಚ್‌ನ ಕಸಿನ್ ಅನ್ನುತ್ತಾಳೆ. ನಾವಾದರೆ ಸುಮ್ನೆ ಅಣ್ಣ ತಮ್ಮ ಅಂದುಬಿಡುತ್ತಿದ್ದೆವು. ಒಬ್ಬೊಬ್ಬನಿಗೂ ಅವನಿಗೆ ಒಗ್ಗುವ ಜಾಗ ಹುಡುಕಿಕೊಡುವುದೇ ಅವಳ ಕೆಲಸ. ಕರೆಂಟಿನಿಂದಲೇ ಮಾಡಿದ ಹಾಗಿರುವ ಸ್ಪಾರ್ಕಿ ಅನ್ನುವವನಿಗೆ ಒಂದು ಹಳೆಯ ಲೈಟ್ ಹೌಸ್ ಸಿಗುತ್ತದೆ. 625ನೆಯವನು ಬಲದಲ್ಲಿ ಸ್ಟಿಚ್‌ಗೆ ಸಮ, ಆದರೆ ಮಹಾ ಸೋಮಾರಿ, ಸ್ಯಾಂಡ್‌ವಿಚ್ ಮಾಡುವುದು ಬಿಟ್ಟು ಏನೂ ಬೇಡ. ಇಂಥ ಒಬ್ಬ ಎಲ್ಲರ ಮನೆಯಲ್ಲೂ ಇರುತ್ತಾನೆ. ಜಪಾನಿನವರು ಸ್ಟಿಚ್‌ನನ್ನು ಒಕಿನಾವಾ ಕಡೆಗೆ ಕರೆದುಕೊಂಡು ಹೋದರು, ಚೀನಾದಲ್ಲಿ ಬೇರೆ ಹುಡುಗಿಯ ಜೊತೆ ಬೇರೆ ಧಾರಾವಾಹಿ ಆಯಿತು. ಅವುಗಳಲ್ಲಿ ನಾನಿಯ ಮನೆ ಇಲ್ಲ, ನನಗೆ ಅಷ್ಟು ರುಚಿಸಲಿಲ್ಲ.

2025ರಲ್ಲಿ ನಿಜವಾದ ನಟರನ್ನು ಹಾಕಿ ಮತ್ತೆ ಅದೇ ಸಿನಿಮಾ ಮಾಡಿದರು. ಜಗತ್ತಿನಾದ್ಯಂತ 100 ಕೋಟಿ ಡಾಲರಿಗಿಂತ ಜಾಸ್ತಿ ದುಡ್ಡು ಮಾಡಿತು. ಬ್ಯಾಗಿನ ಗೊಂಬೆಗಳ ಸುಗ್ಗಿ ಜೋರಾದದ್ದೂ ಆಗಲೇ. ಇದರಲ್ಲಿ ಮುಕ್ತಾಯ ಬೇರೆ. ನಾನಿ ಸಮುದ್ರದ ಜೀವಿಗಳ ಬಗ್ಗೆ ಓದಲು ಸಮುದ್ರದಾಚೆ ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯಾಗೋ ಊರಿನ ಕಾಲೇಜಿಗೆ ಹೋಗುತ್ತಾಳೆ. ಲಿಲೋ ಪಕ್ಕದ ಮನೆಯ ಅಜ್ಜಿಯ ಹತ್ತಿರ ಉಳಿಯುತ್ತಾಳೆ. ಇದಕ್ಕೆ ತುಂಬಾ ಜನ ಸಿಟ್ಟಾದರು. ಯಾರನ್ನೂ ಬಿಟ್ಟು ಹೋಗಬಾರದು ಅಂತ ಹೇಳಿದ ಕಥೆಯಲ್ಲಿ ಅಕ್ಕನೇ ಬಿಟ್ಟು ಹೋಗುವುದಾ ಅಂತ. ನನಗೂ ಕಸಿವಿಸಿ ಆಯಿತು. ಹಳೆಯ ಸಿನಿಮಾದ ಕೊನೆಯಲ್ಲಿ ಅಪ್ಪ, ಅಮ್ಮ, ನಾನಿ, ಲಿಲೋ ಇರುವ ಫೋಟೋಕ್ಕೆ ಸ್ಟಿಚ್‌ನ ಮುಖ ಕತ್ತರಿಸಿ ಅಂಟಿಸಿರುತ್ತಾರೆ. ಆ ಫೋಟೋದಿಂದ ಒಬ್ಬರು ಎದ್ದು ಹೋದ ಹಾಗನಿಸಿತು.

ಅಕ್ಕನಿಗೆ ನನಗಿಂತ ಜಾಸ್ತಿ ಸಿಟ್ಟು ಬರುತ್ತದೆ ಅಂದುಕೊಂಡಿದ್ದೆ. ಅವಳು ಒಣಗಿದ ಬಟ್ಟೆ ಮಡಚುತ್ತಾ ನೋಡುತ್ತಿದ್ದಳು. "ಹೋಗಲಿ ಬಿಡು, ಓದ್ಕೊಳ್ಳಲಿ" ಅಂದಳು. ಪಿಯುಸಿಗೆ ಓದು ನಿಲ್ಲಿಸಿದವಳು ಅವಳು. ನಾನು ಏನೂ ಅನ್ನಲಿಲ್ಲ. ಸ್ವಲ್ಪ ಹೊತ್ತು ಬಿಟ್ಟು ಅವಳೇ, "ದಿನಾ ಫೋನಾದರೂ ಮಾಡ್ತಾಳೇನೇ ತಂಗಿಗೆ?" ಅಂತ ಕೇಳಿದಳು.

"ಫೋನ್ ಯಾಕಮ್ಮಾ, ಅವಳ ಹತ್ತಿರ ಜಂಬಾನ ಗನ್ ಇದೆಯಲ್ಲ" ಅಂದಳು ಮಗಳು. "ಗೋಡೆಗೆ ಹೊಡೆದರೆ ಬಾಗಿಲು ಆಗುತ್ತೆ. ರಾತ್ರಿ ಆ ಬಾಗಿಲಿಂದ ಸೀದಾ ಲಿಲೋ ರೂಮಿಗೇ ಬರ್ತಾಳೆ."

"ಹಾಗಾದ್ರೆ ಸರಿ" ಅಂದು ಅಕ್ಕ ಮಡಚಿದ ಬಟ್ಟೆ ಎತ್ತಿಕೊಂಡು ಒಳಗೆ ಹೋದಳು.

ನಮಸ್ಕಾರ.