ಒಂದೇ ಉಸಿರಿನಲ್ಲಿ ಹದಿನಾರು ಸಲ: ಕಾರ್ನೆಟ್ ವಾದಕ ಹರ್ಬರ್ಟ್ ಕ್ಲಾರ್ಕ್

ಕೇಳುಗರಿಗೆ ನಮಸ್ಕಾರ. ರೇಡಿಯೋ ಇನ್ನೂ ಮನೆಗಳಿಗೆ ಬಾರದಿದ್ದ ಕಾಲದಲ್ಲಿ ಅಮೆರಿಕದ ಸಣ್ಣಪುಟ್ಟ ಊರುಗಳ ಜನ ವಾದ್ಯಸಂಗೀತಕ್ಕಾಗಿ ಕಾಯುತ್ತಿದ್ದುದು ಊರೂರು ಸುತ್ತುವ ಬ್ಯಾಂಡುಗಳಿಗಾಗಿ. ಆ ಬ್ಯಾಂಡಿನ ಮುಂದೆ ಒಬ್ಬರೇ ನಿಂತು ನುಡಿಸುವ ಕಾರ್ನೆಟ್ ವಾದಕರೆಂದರೆ ಜನರಿಗೆ ಎಲ್ಲಿಲ್ಲದ ಅಭಿಮಾನ. ಕಾರ್ನೆಟ್ ಟ್ರಂಪೆಟ್ಟಿನ ಹತ್ತಿರದ ನೆಂಟ. ಮೂರು ಗುಂಡಿಗಳನ್ನು ಒತ್ತಿ ನುಡಿಸುವ ಹಿತ್ತಾಳೆಯ ವಾದ್ಯ. ಆದರೆ ಇದರ ಕೊಳವೆ ಮೆಲ್ಲಮೆಲ್ಲಗೆ ಅಗಲವಾಗುತ್ತ ಸಾಗುವುದರಿಂದ ನಾದ ಟ್ರಂಪೆಟ್ಟಿನಷ್ಟು ಚೂಪಲ್ಲ, ದುಂಡಗಿರುತ್ತದೆ. ಈ ವಾದ್ಯವನ್ನು ಕೀರ್ತಿಯ ಶಿಖರಕ್ಕೇರಿಸಿದವರಲ್ಲಿ ಮುಖ್ಯರು ಹರ್ಬರ್ಟ್ ಲಿಂಕನ್ ಕ್ಲಾರ್ಕ್.

ಅವರು ಹುಟ್ಟಿದ್ದು 1867ರಲ್ಲಿ, ಮ್ಯಾಸಚೂಸೆಟ್ಸ್ ರಾಜ್ಯದ ವೂಬರ್ನ್‌ನಲ್ಲಿ. ತಂದೆ ಚರ್ಚಿನಲ್ಲಿ ಆರ್ಗನ್ ನುಡಿಸುತ್ತಿದ್ದವರು. ಅವರ ಕೆಲಸದ ನಿಮಿತ್ತ ಸಂಸಾರ ಕೆನಡಾದ ಟೊರಾಂಟೋಗೆ ಹೋಯಿತು. ಹುಡುಗ ಮೊದಲು ಕಲಿತದ್ದು ಪಿಟೀಲು. ಅಣ್ಣನ ಕಾರ್ನೆಟ್ಟನ್ನು ಎರವಲು ಪಡೆದು ಊದತೊಡಗಿದ ಮೇಲೆ ಅದರ ಹುಚ್ಚು ಬಿಡಲಿಲ್ಲ; ಆದರೆ ಕೈಯಲ್ಲಿ ಸ್ವಂತ ವಾದ್ಯವಿಲ್ಲ. ಟೊರಾಂಟೋದ ಕ್ವೀನ್ಸ್ ಓನ್ ರೈಫಲ್ಸ್ ದಳದ ಬ್ಯಾಂಡಿಗೆ ಸೇರಿದರೆ ಸರ್ಕಾರದ ವಾದ್ಯವೇ ಸಿಗುತ್ತದೆಂದು, ಇನ್ನೂ ಹದಿಹರೆಯದಲ್ಲಿದ್ದಾಗಲೇ ಅಲ್ಲಿ ಸೇರಿಕೊಂಡರು.

1892ರಲ್ಲಿ ಪ್ಯಾಟ್ರಿಕ್ ಗಿಲ್ಮೋರ್ ಅವರ ಹೆಸರಾಂತ ಬ್ಯಾಂಡಿನಲ್ಲಿ ಸ್ಥಾನ ದೊರೆಯಿತು. ಗಿಲ್ಮೋರ್ ಅದೇ ವರ್ಷ ತೀರಿಕೊಂಡರು. ಮರುವರ್ಷ ಕ್ಲಾರ್ಕ್ ಜಾನ್ ಫಿಲಿಪ್ ಸೂಸಾ ಅವರ ಬ್ಯಾಂಡಿಗೆ ಬಂದರು. ನಡುವೆ ಬೇರೆಡೆ ಹೋಗಿ ಬಂದರೂ 1917ರವರೆಗೆ ಅವರ ಹೆಸರು ಸೂಸಾ ಅವರ ಹೆಸರಿನೊಂದಿಗೇ ಬೆರೆತಿತ್ತು. 1900ರ ಪ್ಯಾರಿಸ್ ಯಾತ್ರೆಯಲ್ಲೂ 1910–11ರ ವಿಶ್ವಪರ್ಯಟನೆಯಲ್ಲೂ ಅವರಿದ್ದರು. ತಾವು ನುಡಿಸುವುದನ್ನು ಬಹುಪಾಲು ತಾವೇ ರಚಿಸಿಕೊಳ್ಳುತ್ತಿದ್ದರು. ‘ಅಲೆಗಳ ವಧು’ ಎಂಬ ಅರ್ಥದ ಹೆಸರಿನ ಅವರ ರಚನೆಯನ್ನು ಕಾರ್ನೆಟ್ ವಾದಕರು ಇಂದಿಗೂ ನುಡಿಸುತ್ತಾರೆ.

ಗ್ರಾಮಫೋನಿನ ಸಂಗೀತವನ್ನು ‘ಡಬ್ಬಿಯ ಸಂಗೀತ’ವೆಂದು ಹೀಗಳೆದ ಸೂಸಾ, ಧ್ವನಿಮುದ್ರಣದ ಕೋಣೆಗೆ ಕಾಲಿಡುತ್ತಿದ್ದುದೇ ಅಪರೂಪ. ಅಲ್ಲಿ ಬ್ಯಾಂಡನ್ನು ನಡೆಸುವ ಹೊಣೆ ಅನೇಕ ಸಲ ಕ್ಲಾರ್ಕ್ ಅವರ ಮೇಲೆ ಬಿತ್ತು. ಆಗ ಮೈಕ್ ಇರಲಿಲ್ಲ. ವಾದಕರೆಲ್ಲ ದೊಡ್ಡ ಕಹಳೆಯಂಥ ಆಲಿಕೆಯೊಂದರ ಮುಂದೆ ಒತ್ತಾಗಿ ಕುಳಿತು, ಸದ್ದಿನ ಬಲದಿಂದಲೇ ಮೇಣದ ಮೇಲೆ ಗೆರೆ ಮೂಡಿಸಬೇಕಿತ್ತು. ಪಿಟೀಲಿನ ದನಿ ಅದರಲ್ಲಿ ಸೊರಗುತ್ತಿತ್ತು, ಕಾರ್ನೆಟ್ಟಿನದು ಸ್ಪಷ್ಟವಾಗಿ ನಿಲ್ಲುತ್ತಿತ್ತು. ಆ ಕಾರಣದಿಂದ ಕ್ಲಾರ್ಕ್ ಅವರ ನುಡಿಸಾಣಿಕೆಯನ್ನು, ಕರಕರ ಸದ್ದಿನ ನಡುವೆಯಾದರೂ, ನಾವು ಇಂದು ಕೇಳಬಹುದು. ಕೇಳಿದಾಗ ನನ್ನನ್ನು ಬೆರಗುಗೊಳಿಸುವುದು ಅವರ ವೇಗಕ್ಕಿಂತ, ಉಸಿರು ಎಲ್ಲಿಯೂ ಕಡಿಯಿತೆನಿಸದ ಆ ನಿರಾಳ.

ಆ ನಿರಾಳದ ಗುಟ್ಟು 1912ರಲ್ಲಿ ಅವರು ಹೊರತಂದ ಅಭ್ಯಾಸಪಾಠಗಳ ಪುಸ್ತಕದಲ್ಲಿದೆ. ಅಕ್ಕಪಕ್ಕದ ಸ್ವರಗಳಲ್ಲೇ ಹತ್ತಿಳಿಯುವ ಪುಟ್ಟ ಸಾಲೊಂದನ್ನು ಕೊಟ್ಟು, ಅದನ್ನು ಆದಷ್ಟು ಮೆಲ್ಲಗೆ, ಒಂದೇ ಉಸಿರಿನಲ್ಲಿ 8ರಿಂದ 16 ಸಲ ನುಡಿಸಬೇಕೆನ್ನುತ್ತಾರೆ; ಬೆರಳು ಗುಂಡಿಯನ್ನು ಗಟ್ಟಿಯಾಗಿ ಒತ್ತಬೇಕು, ತುಟಿ ಮಾತ್ರ ಬಿಗಿಯಬಾರದು. ಜೋರಾಗಿ ಊದುವುದೇ ಶಕ್ತಿಯೆಂದು ನಂಬಿದವರಿಗೆ ಇದು ಮೊದಲ ದಿನವೇ ಬೆವರಿಳಿಸುವ ಪಾಠ.

ಸೂಸಾ ಅವರನ್ನು ಬಿಟ್ಟ ಬಳಿಕ ಕ್ಲಾರ್ಕ್ ಕೆನಡಾದ ಹಂಟ್ಸ್‌ವಿಲ್‌ನಲ್ಲಿ ಚರ್ಮದ ಕಾರ್ಖಾನೆಯೊಂದರ ಬ್ಯಾಂಡನ್ನು ಕೆಲವು ವರ್ಷ ನಡೆಸಿದರು. 1921ರ ಜನವರಿಯಲ್ಲಿ, ಕಾರ್ನೆಟ್ ಬಿಟ್ಟು ಟ್ರಂಪೆಟ್ ಹಿಡಿಯಲೇ ಎಂದು ಕೇಳಿದ್ದ ಎಲ್ಡನ್ ಬೆಂಜ್ ಎಂಬ ಹುಡುಗನಿಗೆ ಅಲ್ಲಿಂದಲೇ ಉತ್ತರ ಬರೆದು, ಟ್ರಂಪೆಟ್ ಕೇವಲ ನಾಲ್ಕು ದಿನದ ಶೋಕಿಯೆಂದೂ ಅದು ದೊಡ್ಡ ವಾದ್ಯವೃಂದಗಳಿಗಷ್ಟೇ ತಕ್ಕದ್ದೆಂದೂ ಗದರಿದರು. ಹುಡುಗ ಮಾತು ಕೇಳಲಿಲ್ಲ. ಮುಂದೆ ಶಿಕಾಗೋ ಸಿಂಫನಿಯಲ್ಲಿ ಟ್ರಂಪೆಟ್ ನುಡಿಸಿದ್ದಲ್ಲದೆ, ತನ್ನದೇ ಹೆಸರಿನ ಟ್ರಂಪೆಟ್ಟುಗಳನ್ನು ತಯಾರಿಸಿದ.

1923ರಿಂದ ಇಪ್ಪತ್ತು ವರ್ಷ ಕ್ಲಾರ್ಕ್ ಕ್ಯಾಲಿಫೋರ್ನಿಯಾದ ಲಾಂಗ್ ಬೀಚ್ ನಗರದ ಬ್ಯಾಂಡನ್ನು ನಡೆಸಿ, 1945ರ ಜನವರಿಯಲ್ಲಿ ತೀರಿಕೊಂಡರು. ವಾಷಿಂಗ್ಟನ್ನಿನಲ್ಲಿ ಸೂಸಾ ಅವರ ಸಮಾಧಿಯಿರುವ ಸ್ಮಶಾನದಲ್ಲೇ ಅವರ ಸಮಾಧಿಯೂ ಇದೆ. ಒಂದೇ ಉಸಿರಿನ ಆ ಪುಸ್ತಕ ಈಗಲೂ ಮುದ್ರಣದಲ್ಲಿದೆ; ಅದನ್ನು ಬಿಡಿಸಿಟ್ಟುಕೊಂಡು ದಿನವೂ ಅಭ್ಯಾಸ ಮಾಡುವವರಲ್ಲಿ ಹೆಚ್ಚಿನವರು ಟ್ರಂಪೆಟ್ ವಾದಕರು.