ಊರು ಬಿಟ್ಟ ಆನೆ: ಓಕ್ಲೆಂಡ್ ಏಸ್ ತಂಡದ ಕೊನೇ ಸೀಸನ್

ನಮಸ್ಕಾರ, ಎಲ್ಲರೂ ಹೇಗಿದ್ದೀರಿ? ಈಗ ಕಾಣುತ್ತಿರುವುದು ಕ್ಯಾಲಿಫೋರ್ನಿಯದ ಓಕ್ಲೆಂಡ್‌ನಲ್ಲಿ, ಕೊಲಿಸಿಯಂ ಅನ್ನೋ ಬಾರ್ಟ್ ರೈಲು ಸ್ಟೇಷನ್ನಿನಿಂದ ಅದೇ ಹೆಸರಿನ ಬೇಸ್‌ಬಾಲ್ ಸ್ಟೇಡಿಯಂ ಕಡೆ ಹೋಗುವ ಕಾಲುಸೇತುವೆ. ಎರಡೂ ಕಡೆ ತಂತಿ ಬೇಲಿ, ಬೇಲಿಗೆ ನೇತು ಹಾಕಿಕೊಂಡು ಟೋಪಿ ಮಾರುವವರು, ಬೇಕನ್ ಸುತ್ತಿದ ಹಾಟ್ ಡಾಗ್ ಹುರಿಯುವವರ ಹೊಗೆ. ಕ್ಯಾಮೆರಾ ಅಲ್ಲಾಡುತ್ತಿದೆ, ಕ್ಷಮಿಸಿ. ಅವತ್ತು ಹಿಂದಿನಿಂದ ಜನ ತಳ್ಳುತ್ತಿದ್ದರು. 2024ರ ಸೆಪ್ಟೆಂಬರ್ 26, ಗುರುವಾರ, ಮಧ್ಯಾಹ್ನದ ಆಟ. ಆಫೀಸಿಗೆ ಹುಷಾರಿಲ್ಲ ಅಂತ ಮೆಸೇಜ್ ಹಾಕಿದ್ದೆ. ನಮ್ಮ ಮ್ಯಾನೇಜರ್‌ಗೆ ಕನ್ನಡ ಬರಲ್ಲ, ಅದಕ್ಕೇ ಧೈರ್ಯವಾಗಿ ಹೇಳುತ್ತಿದ್ದೇನೆ.

ಈ ವಿಡಿಯೊ ಅಕ್ಟೋಬರ್‌ನಲ್ಲೇ ಹಾಕಬೇಕಿತ್ತು. ಜನವರಿ ಬಂತು. ಎಡಿಟ್ ಮಾಡೋಕೆ ಕೂತಾಗಲೆಲ್ಲ ಒಂದು ಹತ್ತು ನಿಮಿಷ ಫುಟೇಜ್ ನೋಡಿ ಲ್ಯಾಪ್‌ಟಾಪ್ ಮುಚ್ಚಿಬಿಡುತ್ತಿದ್ದೆ.

ಬೇಸ್‌ಬಾಲ್ ಗೊತ್ತಿಲ್ಲದವರು ಓಡಿಹೋಗಬೇಡಿ. ಆರು ವರ್ಷದ ಹಿಂದೆ ನನಗೂ ಗೊತ್ತಿರಲಿಲ್ಲ. ಒಂದೇ ವಿಷಯ ತಿಳಿದುಕೊಳ್ಳಿ, ಇದು ಐಪಿಎಲ್ ಥರ ಲೀಗ್‌ನಲ್ಲಿ 14 ಮ್ಯಾಚ್ ಆಡಿ ಮುಗಿಸೋ ಆಟ ಅಲ್ಲ. ಒಂದು ಸೀಸನ್‌ಗೆ 162 ಆಟ. ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆವರೆಗೆ ಹೆಚ್ಚು ಕಡಿಮೆ ದಿನಾ ಆಟ. ಅತ್ಯುತ್ತಮ ತಂಡವೂ ಐವತ್ತು ಅರವತ್ತು ಸೋಲುತ್ತದೆ. ಸೋತರೆ ಊಟ ಬಿಡೋ ಅಭ್ಯಾಸ ಇರುವವರು ಈ ಆಟಕ್ಕೆ ಲಾಯಕ್ಕಲ್ಲ, ನವೆ ಹತ್ತಿದ ಹಾಗೆ ದಿನಾ ಸ್ವಲ್ಪ ಸ್ವಲ್ಪ ಕೆರೆದುಕೊಳ್ಳೋರಿಗೆ ಸರಿ.

2024ರವರೆಗೆ ನಮ್ಮ ತಂಡದ ಪೂರ್ತಿ ಹೆಸರು ಓಕ್ಲೆಂಡ್ ಅಥ್ಲೆಟಿಕ್ಸ್. ಕರೆಯುವುದು ಏಸ್ ಅಂತ. 1901ರಲ್ಲಿ ಫಿಲಡೆಲ್ಫಿಯದಲ್ಲಿ ಶುರುವಾಗಿ, 1955ಕ್ಕೆ ಕಾನ್ಸಾಸ್ ಸಿಟಿಗೆ ಹೋಗಿ, 1968ಕ್ಕೆ ಓಕ್ಲೆಂಡ್‌ಗೆ ಬಂದ ತಂಡ. ಇಲ್ಲಿ ನಾಲ್ಕು ಸಲ ವರ್ಲ್ಡ್ ಸೀರೀಸ್, ಅಂದರೆ ಸೀಸನ್ ಕೊನೆಯ ಫೈನಲ್, ಗೆದ್ದಿದೆ, 1972, 73, 74 ಸಾಲಾಗಿ, ಆಮೇಲೆ 1989ರಲ್ಲಿ. ತಂಡದ ಗುರುತು ಆನೆ. ಅದಕ್ಕೊಂದು ಕಥೆ ಇದೆ. ಫಿಲಡೆಲ್ಫಿಯದ ಕಾಲದಲ್ಲಿ ಎದುರಾಳಿ ತಂಡದ ಜಾನ್ ಮೆಕ್‌ಗ್ರಾ ಅನ್ನೋ ಮ್ಯಾನೇಜರ್ (ಬೇಸ್‌ಬಾಲ್‌ನಲ್ಲಿ ಕೋಚ್‌ಗೆ ಹಾಗನ್ನುತ್ತಾರೆ), ಈ ತಂಡ ಕಟ್ಟಿದವರು ಬಿಳಿ ಆನೆ ಸಾಕಿದ್ದಾರೆ ಅಂತ ಹೀಯಾಳಿಸಿದನಂತೆ. ಇವರು ಸುಮ್ನೆ ಜಗಳಕ್ಕೆ ಹೋಗದೆ ಬಿಳಿ ಆನೆಯನ್ನೇ ಲಾಂಛನ ಮಾಡಿಕೊಂಡರು. ನನಗೆ ತಂಡ ಇಷ್ಟವಾಗಿದ್ದೇ ಇದಕ್ಕೆ. ಆನೆ ನೋಡಿದರೆ ನಮ್ಮವರಿಗೆ ಕೈ ತಾನಾಗಿ ಮುಗಿಯುತ್ತದಲ್ಲ.

ಇನ್ನೊಂದು ಕಾರಣ, ದುಡ್ಡು. ಫ್ರೀಮಾಂಟ್‌ಗೆ ಬಂದ ಹೊಸದರಲ್ಲಿ ನನ್ನ ಹತ್ತಿರ ಕಾರಿರಲಿಲ್ಲ. ಬಾರ್ಟ್ ಹತ್ತಿದರೆ ಅರ್ಧ ಗಂಟೆಗೆ ಕೊಲಿಸಿಯಂ, ಟಿಕೆಟ್ ಸಿನಿಮಾಕ್ಕಿಂತ ಅಗ್ಗ, ಕೂರೋಕೆ ಬೇಕಾದಷ್ಟು ಜಾಗ. ಜಾಗ ಅಂದರೆ ನಿಜವಾಗಿಯೂ ಜಾಗ. ಸಾವಿರಗಟ್ಟಲೆ ಸೀಟು ಖಾಲಿ. 1966ರಲ್ಲಿ ಕಟ್ಟಿದ ಸಿಮೆಂಟ್ ಬಟ್ಟಲು ಅದು. ಒಮ್ಮೆ ಚರಂಡಿ ನೀರು ಆಟಗಾರರ ಕೋಣೆಗೇ ನುಗ್ಗಿತ್ತು. ಕಾಮೆಂಟರಿ ಕೋಣೆಯ ಗೋಡೆಯೊಳಗೆ ಪಾಸಮ್ ಅನ್ನೋ ಪ್ರಾಣಿ ಸಂಸಾರ ಹೂಡಿತ್ತು, ನಮ್ಮ ಹೆಗ್ಗಣಕ್ಕೂ ಬೆಕ್ಕಿಗೂ ಮಧ್ಯದ ಒಂದು ರೂಪ.

ಅಲ್ಲೇ ಒಬ್ಬ ಅಜ್ಜನ ಪರಿಚಯವಾಯಿತು. ಎಪ್ಪತ್ತರ ದಶಕದಿಂದ ಬರುತ್ತಿರುವವರು. ತೊಡೆ ಮೇಲೆ ಸ್ಕೋರ್ ಪುಸ್ತಕ, ಕಿವಿ ಹಿಂದೆ ಪೆನ್ಸಿಲ್. ನನಗೆ ಬೇಸ್‌ಬಾಲ್ ಕಲಿಸಿದ್ದು ಅವರೇ. ಪ್ರತಿ ಆಟಗಾರನ ಜಾಗಕ್ಕೂ ಒಂದು ನಂಬರ್ ಇದೆ. ಚೆಂಡು ಎಸೆಯುವ ಪಿಚರ್ 1, ಅದನ್ನು ಹಿಡಿಯುವ ಕ್ಯಾಚರ್ 2, ಫಸ್ಟ್ ಬೇಸ್ 3, ಸೆಕೆಂಡ್ ಬೇಸ್ 4, ಥರ್ಡ್ ಬೇಸ್ 5, ಶಾರ್ಟ್‌ಸ್ಟಾಪ್ 6. ಚೆಂಡು ಥರ್ಡ್ ಬೇಸಿನವನ ಕೈಗೆ ಬಂದು, ಅವನು ಫಸ್ಟ್ ಬೇಸಿಗೆ ಎಸೆದು ಔಟ್ ಮಾಡಿದರೆ ಪುಸ್ತಕದಲ್ಲಿ ಬರೆಯೋದು 5-3. ಇದನ್ನು ನೆನಪಿಟ್ಟುಕೊಳ್ಳಿ, ಆಮೇಲೆ ಬೇಕಾಗುತ್ತೆ.

ಸರಿ, ಸೀಸನ್‌ಗೆ ಬರೋಣ.

ಆದದ್ದೇನಂದರೆ, ತಂಡ ಲಾಸ್ ವೇಗಸ್‌ಗೆ ಹೋಗುತ್ತದೆ ಅಂತ 2023ರಲ್ಲೇ ಹೇಳಿಬಿಟ್ಟಿದ್ದರು. ಆ ವರ್ಷ ನವೆಂಬರ್‌ನಲ್ಲಿ ಉಳಿದ ತಂಡಗಳ ಮಾಲೀಕರೆಲ್ಲ ಸೇರಿ ಒಪ್ಪಿಗೆಯೂ ಕೊಟ್ಟರು. ಅದೇ ವರ್ಷ ತಂಡ 112 ಆಟ ಸೋತಿತ್ತು. ಅಂದರೆ ಹೊಲ ಮಾರೋಕೆ ನಿಂತವರು ಬೇಸಾಯ ಮಾಡುತ್ತಾರಾ, ಆ ಥರ. ಓಕ್ಲೆಂಡ್ ಜನಕ್ಕೆ ಇದು ಮೂರನೇ ಪೆಟ್ಟು. ಬ್ಯಾಸ್ಕೆಟ್‌ಬಾಲ್‌ನ ವಾರಿಯರ್ಸ್ 2019ರಲ್ಲಿ ಸ್ಯಾನ್ ಫ್ರಾನ್ಸಿಸ್ಕೊಗೆ ಹೋದರು, ಫುಟ್‌ಬಾಲ್‌ನ ರೇಡರ್ಸ್ 2020ರಲ್ಲಿ ವೇಗಸ್‌ಗೆ ಹೋದರು. ನಮ್ಮ ಫ್ರೀಮಾಂಟ್‌ಗೂ ಏಸ್ ಬರೋದರಲ್ಲಿತ್ತು ಗೊತ್ತಾ? 2006ರಲ್ಲಿ ಇಲ್ಲೇ ಸ್ಟೇಡಿಯಂ ಕಟ್ಟುತ್ತೇವೆ ಅಂತ ಪ್ಲಾನ್ ಹಾಕಿದ್ದರು, 2009ರಲ್ಲಿ ಕೈಬಿಟ್ಟರು. ಬಂದಿದ್ದರೆ ಟ್ರಾಫಿಕ್ ಜಾಸ್ತಿ ಆಗುತ್ತಿತ್ತು ಅಂತ ನಮ್ಮ ಪಕ್ಕದ ಮನೆಯವರು ಈಗಲೂ ಸಮಾಧಾನ ಪಟ್ಟುಕೊಳ್ಳುತ್ತಾರೆ.

2024ರ ಮಾರ್ಚ್ 28, ಸೀಸನ್‌ನ ಮೊದಲ ದಿನ. ಇದು ಪಾರ್ಕಿಂಗ್ ಜಾಗ. ಹಸಿರು ಟೀ ಶರ್ಟ್ ಮೇಲೆ "ಸೆಲ್" ಅಂತ ಬರೆದುಕೊಂಡವರು ಸಾವಿರಾರು ಜನ. ಮಾಲೀಕ ಜಾನ್ ಫಿಶರ್‌ಗೆ ಅವರು ಹೇಳುತ್ತಿರುವುದು, ತಂಡ ಮಾರಿಬಿಡಿ ಅಂತ. ಇವರೆಲ್ಲ ಒಳಗೆ ಹೋಗದೆ ಇಲ್ಲೇ ಹಬ್ಬ ಮಾಡುತ್ತಿದ್ದಾರೆ. ಅಜ್ಜನೂ ಇದ್ದರು. ಈ ವರ್ಷ ಒಂದು ಕಾಸೂ ಕೊಡಲ್ಲ ಅಂದರು. ನನ್ನ ಜೇಬಿನಲ್ಲಿ ಟಿಕೆಟ್ ಇತ್ತು. ಬಾಯಿ ಬಿಡಲಿಲ್ಲ. ಬಾತ್‌ರೂಮಿಗೆ ಹೋಗಿ ಬರುತ್ತೇನೆ ಅಂತ ಹೇಳಿ ಒಳಗೆ ಹೋದೆ, ನಾಚಿಕೆ ಆಗಬೇಕು ನನಗೆ. ಕ್ಲೀವ್‌ಲೆಂಡ್ ವಿರುದ್ಧ ಎಂಟು ಸೊನ್ನೆಯಿಂದ ಸೋತರು. ತಕ್ಕ ಶಾಸ್ತಿ.

ಅದಾಗಿ ಒಂದು ವಾರಕ್ಕೆ, ಏಪ್ರಿಲ್ 4ಕ್ಕೆ, ಸುದ್ದಿ ಬಂತು. ವೇಗಸ್ ಸ್ಟೇಡಿಯಂ 2028ಕ್ಕೆ, ಅಲ್ಲಿಯವರೆಗೆ ಸ್ಯಾಕ್ರಮೆಂಟೊ ಪಕ್ಕದ ಒಂದು ಚಿಕ್ಕ ಮೈದಾನದಲ್ಲಿ ಆಡುತ್ತಾರೆ. ಆದರೆ ಹೆಸರು ಸ್ಯಾಕ್ರಮೆಂಟೊ ಅಥ್ಲೆಟಿಕ್ಸ್ ಅಲ್ಲ. ಯಾವ ಊರಿನ ಹೆಸರೂ ಇಲ್ಲ. ಬರೀ ಅಥ್ಲೆಟಿಕ್ಸ್.

ಬೇರೆಯವರಿಗೆ ಇದು ದೊಡ್ಡ ವಿಷಯ ಅನಿಸಲಿಲ್ಲವೇನೋ, ನನಗೆ ಮಾತ್ರ ಚುಚ್ಚಿತು. ನಮ್ಮ ಕಡೆ ಹೆಸರಿನ ಮುಂದೆ ಇನಿಷಿಯಲ್ ಇರುತ್ತಲ್ಲ, ಮೊದಲನೆಯದು ಊರು, ಎರಡನೆಯದು ಅಪ್ಪ. ಪಾಸ್‌ಪೋರ್ಟ್ ಮಾಡಿಸುವಾಗ ಅದನ್ನು ಬಿಡಿಸಿ ಬರೆಯಬೇಕಾಯಿತು, ಹಾಗಾಗಿ ಅಮೆರಿಕದಲ್ಲಿ ನನ್ನ ಊರೇ ನನ್ನ ಲಾಸ್ಟ್ ನೇಮ್. ಕ್ಲಿನಿಕ್‌ಗೆ ಹೋದರೆ ಅರಸೀಕೆರೆ ತಾಲ್ಲೂಕಿನ ಒಂದು ಹಳ್ಳಿಯ ಹೆಸರನ್ನು ನರ್ಸ್ ಮೂರು ತುಂಡು ಮಾಡಿ ಕೂಗುತ್ತಾರೆ, ನಾನು ಎದ್ದು ನಿಲ್ಲುತ್ತೇನೆ. ಊರು ಬಿಟ್ಟು ಹದಿನಾರು ವರ್ಷವಾಯಿತು. ಆದರೂ ಹೆಸರಿನಿಂದ ಊರು ತೆಗೆದುಹಾಕು ಅಂದರೆ ತೆಗೆಯುತ್ತೀನಾ?

ತಮಾಷೆ ಅಂದರೆ, ತಂಡ ಆಮೇಲೆ ಚೆನ್ನಾಗಿ ಆಡೋಕೆ ಶುರು ಮಾಡಿತು. ಮೇ 4ರ ಕ್ಲಿಪ್ ಇದು. ಅಪ್ಪ ಊರಿಂದ ಬಂದಿದ್ದರು. ಮಂಕಿ ಕ್ಯಾಪ್ ಹಾಕಿಕೊಂಡಿರುವವರೇ ಅಪ್ಪ. ಬಂದು ಕೂತ ತಕ್ಷಣ ಸುತ್ತ ನೋಡಿ ಕೇಳಿದ ಮೊದಲ ಪ್ರಶ್ನೆ, "ಏನೋ ಇದು, ಮ್ಯಾಚೋ ಇಲ್ಲಾ ಪ್ರಾಕ್ಟೀಸೋ? ಜನಾನೇ ಇಲ್ವಲ್ಲೋ."

"ಜನ ಕೋಪ ಮಾಡ್ಕೊಂಡಿದಾರೆ ಅಪ್ಪ."

"ಆಡೋ ಹುಡುಗರ ಮೇಲೆ ಯಾಕೆ ಕೋಪ?"

ಉತ್ತರ ಕೊಡೋಕೆ ಆಗಲಿಲ್ಲ. ಅಷ್ಟರಲ್ಲಿ ಕಡ್ಲೇಕಾಯಿ ಬಂತು. ಸಿಪ್ಪೆ ಸಮೇತ ಹುರಿದ ಕಡ್ಲೇಕಾಯಿ, ಪೊಟ್ಟಣದಲ್ಲಿ. ಸಿಪ್ಪೆ ಕಾಲ ಕೆಳಗೇ ಉದುರಿಸಬಹುದು, ಯಾರೂ ಏನೂ ಅನ್ನಲ್ಲ ಅಂದಮೇಲೆ ಅಪ್ಪನಿಗೆ ಅಮೆರಿಕದ ಮೇಲೆ ಗೌರವ ಬಂತು. ಅವತ್ತು ನಮ್ಮವರು ಮಯಾಮಿಯನ್ನು 20-4ರಿಂದ ಬಡಿದರು. ಇಪ್ಪತ್ತು! ಬೇಸ್‌ಬಾಲ್‌ನಲ್ಲಿ ಐದು ಹೊಡೆದರೇ ಖುಷಿ. ಅಪ್ಪ ಇದೇ ಮಾಮೂಲು ಅಂದುಕೊಂಡರು, ನಾನೂ ತಿದ್ದಲಿಲ್ಲ. ಆ ಸಂಜೆ ಲೆಕ್ಕ 17 ಗೆಲುವು, 17 ಸೋಲು. ಹೋದ ವರ್ಷ 112 ಸೋತ ತಂಡ ಸಮಸಮ! ರೈಲಿನಲ್ಲಿ ವಾಪಸು ಬರುವಾಗ ನಾನು ಪ್ಲೇಆಫ್ ಲೆಕ್ಕ ಹಾಕುತ್ತಿದ್ದೆ, ಆರ್‌ಸಿಬಿ ಅಭಿಮಾನಿಗೆ ಕ್ಯಾಲ್ಕುಲೇಟರ್ ಹೊಸದಲ್ಲವಲ್ಲ.

ಆ ಲೆಕ್ಕ ಮೇ ಮುಗಿಯೋದರೊಳಗೇ ಕೆಟ್ಟಿತು. ಜೂನ್ ಬಗ್ಗೆ ಮಾತಾಡೋದೇ ಬೇಡ. ಜುಲೈ ಮಧ್ಯದಲ್ಲಿ ಎಲ್ಲ ತಂಡಗಳಿಗೂ ಸಿಗುವ ಆಲ್ ಸ್ಟಾರ್ ಬಿಡುವಿನ ಹೊತ್ತಿಗೆ 37 ಗೆಲುವು, 61 ಸೋಲು.

ಆದರೆ ಹುಡುಗರು ಬೆಳೆಯುತ್ತಿದ್ದರು. ಲಾರೆನ್ಸ್ ಬಟ್ಲರ್ ಅನ್ನೋ ಹುಡುಗ ಮೇನಲ್ಲಿ ಬ್ಯಾಟೇ ತಾಗದೆ ಕೆಳಗಿನ ಲೀಗ್‌ಗೆ ಹೋದವನು, ಜೂನ್‌ನಲ್ಲಿ ವಾಪಸು ಬಂದು, ಜುಲೈ 14ರಂದು ಫಿಲಡೆಲ್ಫಿಯದಲ್ಲಿ ಒಂದೇ ಆಟದಲ್ಲಿ ಮೂರು ಹೋಮ್ ರನ್ (ನಮ್ಮ ಸಿಕ್ಸರ್ ಥರ) ಹೊಡೆದ. ಅವತ್ತು 18-3. ತಂಡ ಹುಟ್ಟಿದ ಊರಿನಲ್ಲೇ. ಬ್ರೆಂಟ್ ರೂಕರ್ ಸೀಸನ್ ಪೂರ್ತಿ 39 ಹೋಮ್ ರನ್, 112 ಆರ್‌ಬಿಐ, ಅಂದರೆ ಅವನ ಹೊಡೆತದಿಂದ ತಂಡಕ್ಕೆ ಬಂದ ರನ್. ಕ್ಯಾಚರ್ ಶೇ ಲ್ಯಾಂಗಲಿಯರ್ಸ್ 29 ಹೋಮ್ ರನ್.

ಮತ್ತೆ ಮೇಸನ್ ಮಿಲ್ಲರ್. ಇವನ ಬಗ್ಗೆ ಬೇರೆ ವಿಡಿಯೊನೇ ಮಾಡಬೇಕು. ಕೊನೇ ಇನಿಂಗ್ಸ್‌ಗೆ ಬರುವ ಪಿಚರ್. ಎಸೆತ ಗಂಟೆಗೆ 100 ಮೈಲಿ ದಾಟುತ್ತದೆ, ನಮ್ಮ ಲೆಕ್ಕದಲ್ಲಿ 160 ಕಿಲೋಮೀಟರ್‌ಗೂ ಮೇಲೆ, ಅದೂ ಓಡಿ ಬರದೆ, ನಿಂತಲ್ಲಿಂದ. ಖಾಲಿ ಸ್ಟೇಡಿಯಂನಲ್ಲಿ ಆ ಚೆಂಡು ಕ್ಯಾಚರ್‌ನ ಗ್ಲೌಸಿಗೆ ಬೀಳೋ ಸದ್ದು ಕೇಳಿ, ಇಲ್ಲಿ ವಾಲ್ಯೂಮ್ ಏರಿಸಿದ್ದೇನೆ. ಕೇಳಿಸಿತಾ? ಕಟ್ಟಿಗೆ ಸೀಳಿದ ಹಾಗೆ. ತುಂಬಿದ ಸ್ಟೇಡಿಯಂನಲ್ಲಿ ಈ ಸದ್ದು ಸಿಗಲ್ಲ, ಖಾಲಿ ಸೀಟುಗಳಿಂದ ನಮಗಾದ ಲಾಭ ಇದೊಂದೇ. ಹೊಸಬನಾಗಿಯೇ 28 ಸೇವ್ ಮಾಡಿದ, ಅಂದರೆ ಕೊನೆಗೆ ಬಂದು ತಂಡದ ಮುನ್ನಡೆ ಕಾಪಾಡಿದ. ಮಧ್ಯದಲ್ಲಿ ಮೇಜಿನ ಮೇಲೆ ಕೈ ಗುದ್ದಿ ಮೂಳೆ ಮುರಿದುಕೊಂಡು ಕೆಲವು ವಾರ ಕೂತ. ಸದ್ಯ, ಎಡಗೈ. ಎಸೆಯೋದು ಬಲಗೈಯಲ್ಲಿ.

ಬಿಡುವಿನ ನಂತರ ಆಡಿದ 64 ಆಟಗಳಲ್ಲಿ 32 ಗೆದ್ದರು, 32 ಸೋತರು. ಹೊರಡೋ ದಿನ ಹತ್ತಿರ ಬಂದಷ್ಟೂ ತಂಡ ಚೆನ್ನಾಗಾಗುತ್ತಿತ್ತು. ಕೆಟ್ಟದಾಗಿಯೇ ಇದ್ದಿದ್ದರೆ ಕಳಿಸಿಕೊಡೋದು ಸುಲಭ ಆಗುತ್ತಿತ್ತೇನೋ. ಒಟ್ಟು 69 ಗೆಲುವು, 93 ಸೋಲು. ಅದೇ ವರ್ಷ ಷಿಕಾಗೊ ವೈಟ್ ಸಾಕ್ಸ್ ತಂಡ 121 ಸೋತು 1900ರಿಂದೀಚೆಗಿನ ಹೊಸ ದಾಖಲೆ ಬರೆದಿದ್ದರಿಂದ ನಮ್ಮ ಸೋಲುಗಳ ಕಡೆ ಯಾರೂ ನೋಡಲಿಲ್ಲ. ವರ್ಷಪೂರ್ತಿ ಕೊಲಿಸಿಯಂಗೆ ಬಂದವರು ಸುಮಾರು 9 ಲಕ್ಷ 22 ಸಾವಿರ. ಇಡೀ ಲೀಗ್‌ನಲ್ಲೇ ಕಡಿಮೆ.

ಅದರಲ್ಲಿ 46,889 ಜನ ಈ ಒಂದು ದಿನಕ್ಕೆ ಬಂದವರು. ಹೌದು, ಮತ್ತೆ ಸೆಪ್ಟೆಂಬರ್ 26. ನಾನು ಯಾವತ್ತೂ ತುಂಬಿದ ಕೊಲಿಸಿಯಂ ನೋಡಿರಲಿಲ್ಲ. ಬ್ಯಾರಿ ಜೀಟೊ ರಾಷ್ಟ್ರಗೀತೆ ಹಾಡಿದ, ಒಂದು ಕಾಲದಲ್ಲಿ ಇಲ್ಲೇ ಪಿಚರ್ ಆಗಿದ್ದವನು. ತಂಡದ ಹಳೇ ಹೀರೊಗಳಾದ ಡೇವ್ ಸ್ಟೀವರ್ಟ್ ಮತ್ತು ರಿಕಿ ಹೆಂಡರ್ಸನ್ ಶಾಸ್ತ್ರಕ್ಕೆ ಮೊದಲ ಚೆಂಡು ಎಸೆದರು. ಜೂಮ್ ಮಾಡಿದ್ದೇನೆ, ಸ್ವಲ್ಪ ಮಬ್ಬಾಗಿದೆ. ಅವರೇ ರಿಕಿ. ಓಕ್ಲೆಂಡ್‌ನಲ್ಲೇ ಬೆಳೆದ ಹುಡುಗ, ಇಲ್ಲಿನ ಹೈಸ್ಕೂಲಿನಲ್ಲೇ ಓದಿದವರು. 1,406 ಬೇಸ್ ಕದ್ದಿದ್ದಾರೆ, ಅಂದರೆ ಬ್ಯಾಟ್ ಮಾಡುವವನು ಹೊಡೆಯೋದಕ್ಕೆ ಕಾಯದೆ ಮುಂದಿನ ಬೇಸಿಗೆ ಓಡಿ ಸೇರಿದ್ದಾರೆ, ಹತ್ತಿರ ಕೂಡ ಯಾರೂ ಇಲ್ಲ. ಈ ಮೈದಾನಕ್ಕೆ ಅವರದೇ ಹೆಸರಿತ್ತು. ಈ ವಿಡಿಯೊ ಎಡಿಟ್ ಮಾಡುತ್ತಾ ಇರುವಾಗಲೇ, ಡಿಸೆಂಬರ್ 20ಕ್ಕೆ, ರಿಕಿ ತೀರಿಕೊಂಡರು. 65 ವರ್ಷ. ಈ ಶಾಟ್ ಎಷ್ಟು ಸಲ ಹಿಂದೆ ಮುಂದೆ ಓಡಿಸಿದ್ದೇನೋ.

ಅಜ್ಜನೂ ಬಂದಿದ್ದರು. ಇಡೀ ವರ್ಷದಲ್ಲಿ ಇದೊಂದೇ ದಿನ. ನಾನು ವರ್ಷವೆಲ್ಲ ಬಂದಿದ್ದು ಅವರಿಗೆ ಗೊತ್ತಿತ್ತಂತೆ. ಬಾತ್‌ರೂಮ್ ಅಷ್ಟು ದೂರ ಇಲ್ಲ ಅಂದರು, ಅಷ್ಟೇ.

ಟೆಕ್ಸಸ್ ವಿರುದ್ಧ ಆಟ. ಒಂಬತ್ತನೇ, ಅಂದರೆ ಕೊನೇ ಇನಿಂಗ್ಸ್, ನಮ್ಮವರು 3-2 ಮುಂದೆ, ಚೆಂಡು ಮಿಲ್ಲರ್ ಕೈಯಲ್ಲಿ. ಎಲ್ಲರೂ ನಿಂತಿದ್ದಾರೆ. ಟೆಕ್ಸಸ್‌ನ ಟ್ರಾವಿಸ್ ಜಾಂಕೌಸ್ಕಿ ನೆಲಕ್ಕೆ ಹೊಡೆದ, ಥರ್ಡ್ ಬೇಸ್ ಹತ್ತಿರ ನಮ್ಮ ಮ್ಯಾಕ್ಸ್ ಶೂಮನ್ ಹಿಡಿದು ಫಸ್ಟ್ ಬೇಸಿಗೆ ಎಸೆದ. ಔಟ್. ಇಲ್ಲಿ ನನ್ನ ಧ್ವನಿ ಕೇಳಿಸುತ್ತದೆ, ಏನೋ ಕಿರುಚಿದ್ದೇನೆ, ಯಾವ ಭಾಷೆ ಅಂತ ನನಗೇ ಗೊತ್ತಾಗುತ್ತಿಲ್ಲ.

ಆಮೇಲೆ ಯಾರೂ ಹೊರಡಲಿಲ್ಲ. ತಂಡದ ಮ್ಯಾನೇಜರ್ ಮಾರ್ಕ್ ಕಾಟ್ಸೆ ಮೈಕ್ ಹಿಡಿದು ಥ್ಯಾಂಕ್ಸ್ ಹೇಳಿ, ಕೊನೇ ಸಲ ಓಕ್ಲೆಂಡ್ ಹೆಸರು ಕೂಗಿಸಿದರು. ಮೈದಾನ ನೋಡಿಕೊಳ್ಳುವ ಕೆಲಸದವರು ಬೇಲಿ ಹತ್ತಿರ ಬಂದು ಜನಕ್ಕೆ ಮಣ್ಣು ಕೊಡುತ್ತಿದ್ದರು. ಲೋಟದಲ್ಲಿ, ಬಾಟಲಿಯಲ್ಲಿ, ಸಿಕ್ಕಿದ್ದರಲ್ಲಿ. ನನ್ನ ಹತ್ತಿರ ಕಡ್ಲೇಕಾಯಿ ಪೊಟ್ಟಣ ಇತ್ತು. ಅದರಲ್ಲೇ ಹಿಡಿದುಕೊಂಡೆ. ಆ ಪೊಟ್ಟಣ ಈಗ ನಮ್ಮ ಮನೆಯಲ್ಲಿ ಕರಿಬೇವಿನ ಕುಂಡದ ಪಕ್ಕ ಇದೆ. ಮಣ್ಣನ್ನು ಕುಂಡಕ್ಕೆ ಹಾಕಿಬಿಡಿ ಅಂತ ಹೆಂಡತಿ ವಾರಕ್ಕೊಂದು ಸಲ ಹೇಳುತ್ತಾಳೆ, ಹೂಂ ಅನ್ನುತ್ತೇನೆ.

ಮೂರು ದಿನ ಬಿಟ್ಟು ಸಿಯಾಟಲ್‌ನಲ್ಲಿ ಕೊನೇ ಆಟ ಸೋತು ಸೀಸನ್ ಮುಗಿಯಿತು. ಟಿವಿಯಲ್ಲಿ ನೋಡಿದೆ, ಅರ್ಧಕ್ಕೇ ಅಡುಗೆ ಮನೆಗೆ ಹೋದೆ.

ಈಗ ಕೊನೇ ಕ್ಲಿಪ್. 26ನೇ ತಾರೀಕಿನದೇ, ಸೀಟಿನಿಂದ ಏಳುವ ಮುಂಚೆ ತೆಗೆದಿದ್ದು. ಅಜ್ಜನ ಸ್ಕೋರ್ ಪುಸ್ತಕ. ಮುಖ ಬೇಡ, ಪುಟ ಮಾತ್ರ ತೆಗೆದುಕೊ ಅಂದರು. ಕೆಳಗಿನ ಬಲ ಮೂಲೆ ನೋಡಿ, ಕೊನೇ ಚೌಕ. 5-3. ಪೆನ್ಸಿಲ್ ಸ್ವಲ್ಪ ಜೋರಾಗಿ ಒತ್ತಿದ್ದಾರೆ. ಈಗ ನಿಧಾನಕ್ಕೆ ಮೇಲೆ ಹೋಗುತ್ತೇನೆ, ತಂಡಗಳ ಹೆಸರು ಬರೆಯುವ ಸಾಲಿಗೆ. ಎಡಗಡೆ ಟೆಕ್ಸಸ್ ರೇಂಜರ್ಸ್ ಅಂತ ಪೂರ್ತಿ ಇದೆ. ಬಲಗಡೆ ಏಸ್ ಅಂತ ಇಲ್ಲ, ಅಥ್ಲೆಟಿಕ್ಸ್ ಅಂತಲೂ ಇಲ್ಲ. ಓಕ್ಲೆಂಡ್ ಅಂತ ಒಂದೇ ಪದ.